ತಲೆ ಎತ್ತಿದರೆ ಬಾಯಿ ತೆರೆಯುವ ಡಂಕ್ಲಿಯೋಸ್ಟಿಯಸ್: ರಟ್ಟಿನ ಮಾದರಿಯ ಸಮಗ್ರ ಮಾರ್ಗದರ್ಶಿ

ಡಂಕ್ಲಿಯೋಸ್ಟಿಯಸ್ ಅಂದರೆ ಸುಮಾರು 36 ಕೋಟಿ ವರ್ಷ ಹಿಂದೆ ಬದುಕಿದ್ದ, ತಲೆಗೂ ಎದೆಗೂ ಎಲುಬಿನ ಕವಚವಿದ್ದ ಮೀನು. ವಿಜ್ಞಾನ ವಸ್ತುಪ್ರದರ್ಶನಕ್ಕೆ ಅದರ ಮಾದರಿ ಮಾಡುವವರಿಗೆ ಹೆಚ್ಚುಕಡಿಮೆ ಒಂದೇ ಜಾಗದಲ್ಲಿ ಕೈಕೊಡುತ್ತದೆ. ತಲೆ ಚೆನ್ನಾಗಿ ಬಂದಿರುತ್ತದೆ, ಬಣ್ಣವೂ ಚೆನ್ನಾಗಿರುತ್ತದೆ, ಆದರೆ ದವಡೆ ಅಲ್ಲಾಡುವುದಿಲ್ಲ. ಇಲ್ಲವೇ ಕೆಳದವಡೆ ಸುಮ್ನೆ ಜೋತುಬಿದ್ದಿರುತ್ತದೆ. ಬೆರಳಿನಿಂದ ಎತ್ತಿ ಬಿಟ್ಟರೆ ಮಾತ್ರ ಟಪ್ ಎನ್ನುತ್ತದೆ.

ಈ ಮೀನಿನ ಬಾಯಿ ಹಾಗೆ ತೆರೆಯುತ್ತಿರಲಿಲ್ಲ. ತಲೆಯ ಕವಚ ಮೇಲಕ್ಕೆ ಏಳುತ್ತಿತ್ತು, ಅದೇ ಹೊತ್ತಿಗೆ ಕೆಳದವಡೆ ಕೆಳಕ್ಕೆ ಇಳಿಯುತ್ತಿತ್ತು. ಎರಡೂ ಒಂದಕ್ಕೊಂದು ಕಟ್ಟಿಕೊಂಡ ಚಲನೆ. ಈ ಜೋಡಣೆ ಬರಬೇಕಾದರೆ ಕೀಲುಗಳ ಜಾಗ ಮೊದಲು ಗಟ್ಟಿಯಾಗಬೇಕು, ಮೀನಿನ ಆಕಾರ ಆಮೇಲೆ. ಬಹಳ ಜನ ಇದನ್ನು ಉಲ್ಟಾ ಮಾಡುತ್ತಾರೆ: ಚಿತ್ರ ಬರೆದು, ಕತ್ತರಿಸಿ, ಬಣ್ಣ ಹಚ್ಚಿ, ಕೊನೆಗೆ ತೂತು ಎಲ್ಲಿ ಹಾಕೋಣ ಅಂತ ಯೋಚಿಸುತ್ತಾರೆ. ಆ ಹೊತ್ತಿಗೆ ಕೆಲಸ ಕೆಟ್ಟಿರುತ್ತದೆ.

ಇಲ್ಲಿ ಹೇಳುವುದು ಗೋಡೆಗೆ ಒರಗಿಸಿ ನಿಲ್ಲಿಸುವ ಚಪ್ಪಟೆ ಮಾದರಿ. ಮೀನು ಎಡಕ್ಕೆ ಮುಖ ಮಾಡಿರುತ್ತದೆ. ಹಿಂದಿನಿಂದ ಒಂದು ದಾರ ಎಳೆದರೆ ತಲೆ ಏಳಬೇಕು, ಬಾಯಿ ತಾನಾಗಿ ತೆರೆಯಬೇಕು, ಬಿಟ್ಟರೆ ತಾನಾಗಿ ಮುಚ್ಚಬೇಕು.

## ಬೇಕಾದ ಸಾಮಾನು

ಹಿನ್ನೆಲೆಗೆ 3 ಅಡಿ ಉದ್ದ, 2 ಅಡಿ ಅಗಲದ ಸನ್‌ಬೋರ್ಡ್ ಅಥವಾ ದಪ್ಪ ಫೋಮ್ ಶೀಟ್. ತಲೆ, ದವಡೆ, ಎದೆ ಕವಚಕ್ಕೆ ಕಾರ್ಟನ್ ಬಾಕ್ಸಿನ ರಟ್ಟು. ಟಿವಿ, ಫ್ರಿಜ್ ಬರುವ ಬಾಕ್ಸಿನ ರಟ್ಟು ಗಟ್ಟಿಯಿರುತ್ತದೆ, ಅದೇ ಒಳ್ಳೆಯದು. ಪ್ರಯೋಗದ ತುಂಡಿಗೆ ಹಳೆಯ ಮದುವೆ ಕಾರ್ಡು ಸಾಕು.

3 ಎಂ.ಎಂ. ದಪ್ಪದ ಬೋಲ್ಟ್ ಮೂರು. ಪ್ರತಿ ಬೋಲ್ಟಿಗೆ ಎರಡು ನಟ್ಟು, ಮೂರು ವಾಷರ್. ಗಾಳ ಹಾಕುವವರು ಬಳಸುವ ನೈಲಾನ್ ದಾರ ಎರಡು ಮೀಟರ್. ಮೆತ್ತಗಿನ ಸಣ್ಣ ರಬ್ಬರ್ ಬ್ಯಾಂಡ್ ಮೂರು ನಾಲ್ಕು. ಕಟ್ಟರ್, ಸ್ಟೀಲ್ ಸ್ಕೇಲು, ಕೋನಮಾಪಕ, ದಬ್ಬಣ, ಪಿನ್ನು, ಫೆವಿಕಾಲ್, ಖಾಲಿ ರೀಫಿಲ್ ಒಂದು.

ಹೊಲಿಗೆ ದಾರ ಬೇಡ. ಅದು ಎಳೆದಷ್ಟೂ ಸ್ವಲ್ಪ ಸ್ವಲ್ಪ ಉದ್ದವಾಗುತ್ತದೆ. ಬೆಳಗ್ಗೆ ಸರಿಯಾಗಿದ್ದ ಮಾದರಿ ಮಧ್ಯಾಹ್ನದ ಹೊತ್ತಿಗೆ ಬಾಯಿ ತೆರೆಯುವುದಿಲ್ಲ. ಬೋಲ್ಟಿನ ಬದಲು ಗುಂಡುಪಿನ್ನು, ತಂತಿ ಹಾಕಬೇಡಿ. ಅವು ರಟ್ಟನ್ನು ಕೊರೆದು ತೂತನ್ನು ಸೀಳುತ್ತವೆ.

## ಹಂತ 1: ಉದ್ದ ನಿರ್ಧರಿಸಿ

ಹಳೆಯ ಚಾರ್ಟುಗಳಲ್ಲಿ ಈ ಮೀನು 8 ಮೀಟರ್, 10 ಮೀಟರ್ ಉದ್ದ ಎಂದಿರುತ್ತದೆ. ಅದನ್ನೇ ನಕಲು ಮಾಡಬೇಡಿ. ಈ ಮೀನಿನ ತಲೆ ಮತ್ತು ಎದೆಯ ಎಲುಬಿನ ಕವಚ ಪಳೆಯುಳಿಕೆಯಾಗಿ ಸಿಕ್ಕಿದೆ. ಹಿಂದಿನ ದೇಹ ಹಾಗೆ ಉಳಿದು ಬಂದಿಲ್ಲ. ಹಾಗಾಗಿ ಒಟ್ಟು ಉದ್ದ ಯಾವಾಗಲೂ ಲೆಕ್ಕ ಹಾಕಿ ಹೇಳಿದ್ದೇ. 2023ರಲ್ಲಿ ರಸೆಲ್ ಎಂಗಲ್‌ಮನ್ ಎಂಬ ಸಂಶೋಧಕರು ಕಣ್ಣಿನ ಗುಣಿಯ ಹಿಂದಿನ ತಲೆಯ ಉದ್ದವನ್ನು ಬೇರೆ ಬೇರೆ ಮೀನುಗಳ ಜೊತೆ ಹೋಲಿಸಿ ಹೊಸ ಲೆಕ್ಕ ಕೊಟ್ಟರು. ಬೆಳೆದ ಮೀನು ಸಾಮಾನ್ಯವಾಗಿ ಸುಮಾರು 3.4 ಮೀಟರ್, ತೀರಾ ದೊಡ್ಡದು ಸುಮಾರು 4.1 ಮೀಟರ್.

ನಾವು 3.4 ಮೀಟರ್ ಹಿಡಿಯೋಣ. ಅಳತೆ ನಾಲ್ಕನೇ ಒಂದು ಭಾಗ. ಅಂದರೆ ಮಾದರಿ 85 ಸೆಂ.ಮೀ. 3 ಅಡಿ ಬೋರ್ಡಿನಲ್ಲಿ ಎರಡೂ ಕಡೆ ಸ್ವಲ್ಪ ಜಾಗ ಬಿಟ್ಟು ಕೂರುತ್ತದೆ. ಇದರಲ್ಲಿ ತಲೆಗೆ 16 ಸೆಂ.ಮೀ., ಎದೆ ಕವಚಕ್ಕೆ 15 ಸೆಂ.ಮೀ. ಇಟ್ಟುಕೊಳ್ಳಿ. ಉಳಿದ 54 ಸೆಂ.ಮೀ. ಹಿಂದಿನ ದೇಹ ಮತ್ತು ಬಾಲ.

ತಲೆಯ ಗಾತ್ರ ಹಾಗೇ ಇಟ್ಟು ದೇಹವನ್ನು ಮಾತ್ರ ಎಳೆದು ಉದ್ದ ಮಾಡುವುದು ಇಲ್ಲಿ ಬಹಳ ಕಾಣುವ ತಪ್ಪು. ಹಾಗೆ ಮಾಡಿದರೆ ಹಾವುಮೀನಿನ ಹಾಗೆ ಕಾಣುತ್ತದೆ. ಇದು ಗಿಡ್ಡ, ದಪ್ಪ ಮೈಯ ಮೀನು. ದೇಹದ ಎತ್ತರ ಉದ್ದದ ಕಾಲುಭಾಗದ ಆಸುಪಾಸು ಇರಲಿ, ನಮ್ಮ ಅಳತೆಗೆ 20 ಸೆಂ.ಮೀ. ದಾಟಬಹುದು.

## ಹಂತ 2: ನಾಲ್ಕು ತೂತುಗಳ ನಕ್ಷೆ

ಇಡೀ ಮಾದರಿಯ ಜೀವ ಇಲ್ಲಿದೆ. ಸಮಯ ಜಾಸ್ತಿ ಹಿಡಿದರೂ ಪರವಾಗಿಲ್ಲ.

ಫಿಲಿಪ್ ಆಂಡರ್ಸನ್ ಮತ್ತು ಮಾರ್ಕ್ ವೆಸ್ಟ್‌ನೀಟ್ ಎಂಬ ಸಂಶೋಧಕರು ಈ ಮೀನಿನ ದವಡೆಯನ್ನು ನಾಲ್ಕು ತೋಳಿನ ಯಂತ್ರದ ಹಾಗೆ ಲೆಕ್ಕ ಹಾಕಿದ್ದಾರೆ. ಎದೆ ಕವಚ ಅಲ್ಲಾಡದ ತೋಳು. ತಲೆ ಕವಚ ಎರಡನೆಯದು, ಕೆಳದವಡೆ ಮೂರನೆಯದು. ಎದೆಯಿಂದ ಕೆಳದವಡೆಗೆ ಹೋಗುವ ಗಂಟಲಿನ ಸ್ನಾಯು ನಾಲ್ಕನೆಯದು. ನಮ್ಮ ಮಾದರಿಯಲ್ಲಿ ಆ ಸ್ನಾಯುವಿನ ಕೆಲಸ ನೈಲಾನ್ ದಾರದ್ದು.

ಗ್ರಾಫ್ ಹಾಳೆಯಲ್ಲಿ ಹೀಗೆ ಗುರುತು ಹಾಕಿ. ಮೀನಿನ ಮುಖ ಎಡಕ್ಕೆ, ಹಾಗಾಗಿ "ಮುಂದೆ" ಅಂದರೆ ಎಡಕ್ಕೆ, "ಹಿಂದೆ" ಅಂದರೆ ಬಲಕ್ಕೆ.

ಕ: ಕತ್ತಿನ ಕೀಲು. ಎಲ್ಲ ಅಳತೆಗೂ ಇದೇ ಮೂಲ.

ದ: ದವಡೆಯ ಕೀಲು. ಕ ಬಿಂದುವಿನಿಂದ 8 ಸೆಂ.ಮೀ. ಕೆಳಗೆ, 3 ಸೆಂ.ಮೀ. ಮುಂದೆ.

ಗ: ಕೆಳದವಡೆಯಲ್ಲಿ ದಾರ ಕಟ್ಟುವ ಗಲ್ಲದ ತೂತು. ದ ಬಿಂದುವಿನಿಂದ 2.5 ಸೆಂ.ಮೀ. ಕೆಳಗೆ, 2 ಸೆಂ.ಮೀ. ಮುಂದೆ.

ಎ: ಎದೆ ಕವಚದಲ್ಲಿ ದಾರ ಕಟ್ಟುವ ತೂತು. ಕ ಬಿಂದುವಿನಿಂದ 12 ಸೆಂ.ಮೀ. ಕೆಳಗೆ, 4 ಸೆಂ.ಮೀ. ಹಿಂದೆ.

ಗುರುತು ಹಾಕಿದ ಮೇಲೆ ಸ್ಕೇಲು ಇಟ್ಟು ತಾಳೆ ನೋಡಿ. ಕ ಮತ್ತು ದ ನಡುವೆ ಸುಮಾರು 8.5 ಸೆಂ.ಮೀ. ಬರಬೇಕು. ದ ಮತ್ತು ಗ ನಡುವೆ 3.2. ಗ ಮತ್ತು ಎ ನಡುವೆ 9.1. ಇನ್ನೂ ಒಂದು ಅಳತೆ ಇದೆ, ಅದೇ ಮುಖ್ಯ: ಗ ಮತ್ತು ಎ ಸೇರಿಸಿ ಒಂದು ಗೆರೆ ಎಳೆಯಿರಿ. ಆ ಗೆರೆಯಿಂದ ದ ಬಿಂದುವಿಗೆ ನೇರ ದೂರ ಸುಮಾರು 2.8 ಸೆಂ.ಮೀ. ಇರಬೇಕು, ಗೆರೆ ದ ಬಿಂದುವಿನ ಕೆಳಗೇ ಹಾದುಹೋಗಬೇಕು.

ಯಾಕೆ ಅಂದರೆ, ತಲೆ ಮೇಲೆದ್ದಾಗ ಕ ಸುತ್ತ ತಿರುಗುತ್ತದೆ. ಮೂತಿ ಮೇಲೆ ಹೋದರೆ ಕೆಳಗಿರುವ ದ ಕೀಲು ಮುಂದಕ್ಕೆ ಸರಿಯುತ್ತದೆ. ದವಡೆಯೂ ಅದರ ಜೊತೆ ಮುಂದೆ ಹೋಗಲು ನೋಡುತ್ತದೆ, ಆದರೆ ದಾರ ಗ ತೂತನ್ನು ಬಿಡುವುದಿಲ್ಲ. ಕೀಲು ಮುಂದೆ ಹೋಯಿತು, ಅದರ ಕೆಳಗಿನ ಜಾಗ ಹಿಂದೆ ಉಳಿಯಿತು. ಹಾಗಾದಾಗ ದವಡೆಯ ತುದಿ ಕೆಳಗೆ ಇಳಿಯಲೇಬೇಕು. ದಾರ ದ ಕೀಲಿನ ಮೇಲಿಂದ ಹೋದರೆ ಇದೇ ಉಲ್ಟಾ ಆಗಿ ದವಡೆ ಇನ್ನೂ ಬಿಗಿಯಾಗಿ ಮುಚ್ಚಿಕೊಳ್ಳುತ್ತದೆ. ದಾರ ಸರಿಯಾಗಿ ದ ಮೇಲೆಯೇ ಹಾದುಹೋದರೆ ಏನೂ ಆಗುವುದಿಲ್ಲ.

ಈ ಅಳತೆಯಲ್ಲಿ ತಲೆ 12 ಡಿಗ್ರಿ ಎದ್ದರೆ ದವಡೆ ಸುಮಾರು 32 ಡಿಗ್ರಿ ಇಳಿಯುತ್ತದೆ. ತಲೆ 15 ಡಿಗ್ರಿ ಎದ್ದರೆ ದವಡೆ ಸುಮಾರು 39. ಸಣ್ಣ ಎಳೆತಕ್ಕೆ ದೊಡ್ಡ ಬಾಯಿ. ನಿಮ್ಮ ಮಾದರಿ ದೊಡ್ಡದು ಬೇಕಾದರೆ ಎಲ್ಲ ಅಳತೆಯನ್ನೂ ಒಂದೇ ಪಟ್ಟು ಹೆಚ್ಚಿಸಿ. ಒಂದನ್ನು ಮಾತ್ರ ಬದಲಿಸಬೇಡಿ.

## ಹಂತ 3: ಮದುವೆ ಕಾರ್ಡಿನಲ್ಲಿ ಪ್ರಯೋಗ

ರಟ್ಟು ಕತ್ತರಿಸುವ ಮೊದಲು ಇದನ್ನು ಮಾಡಲೇಬೇಕು. ಅರ್ಧ ಗಂಟೆಯ ಕೆಲಸ.

ಕಾರ್ಡಿನಲ್ಲಿ ಎರಡು ತುಂಡು ಕತ್ತರಿಸಿ. ಮೊದಲನೆಯದು ತಲೆ: ಕ, ದ ಎರಡೂ ತೂತು ಇರುವ, ಮುಂದಕ್ಕೆ ಚಾಚಿದ ಒಂದು ತ್ರಿಕೋನ. ಎರಡನೆಯದು ದವಡೆ: ದ, ಗ ಎರಡೂ ತೂತು ಇರುವ, 13 ಸೆಂ.ಮೀ. ಉದ್ದದ ಪಟ್ಟಿ. ಗ್ರಾಫ್ ಹಾಳೆಯನ್ನು ಥರ್ಮೋಕೋಲ್ ಮೇಲೆ ಅಂಟಿಸಿ, ಕ ಮತ್ತು ಎ ಜಾಗದಲ್ಲಿ ಪಿನ್ನು ಚುಚ್ಚಿ. ತಲೆಯ ತುಂಡು ಕ ಪಿನ್ನಿಗೆ. ದ ತೂತಿನಲ್ಲಿ ಎರಡೂ ತುಂಡು ಸೇರಿಸಿ ಒಂದು ಪಿನ್ನು, ಆದರೆ ಅದು ಥರ್ಮೋಕೋಲಿಗೆ ತಾಗಬಾರದು. ಅದರ ತುದಿ ಕತ್ತರಿಸಿ ಮಡಿಸಿಬಿಡಿ. ಈಗ ಗ ಇಂದ ಎ ಪಿನ್ನಿಗೆ ದಾರ.

ತಲೆಯ ತುಂಡಿನ ಮೂತಿಯನ್ನು ನಿಧಾನವಾಗಿ ಎತ್ತಿ. ದವಡೆಯ ತುದಿ ಇಳಿಯುವುದು ಕಣ್ಣಿಗೆ ಕಾಣಬೇಕು. ಕೋನಮಾಪಕದಲ್ಲಿ ಅಳೆದು ನೋಡಿ. ತಲೆ 12 ಡಿಗ್ರಿ ಎದ್ದಾಗ ದವಡೆಯ ಇಳಿತ 30 ಡಿಗ್ರಿಯ ಹತ್ತಿರ ಬಂದರೆ ಮುಂದೆ ಹೋಗಿ. ಬರದಿದ್ದರೆ ಇಲ್ಲೇ ನಿಂತು ಅಳತೆ ಸರಿಮಾಡಿ. ಇಲ್ಲಿ ಆಗದ್ದು ರಟ್ಟಿನಲ್ಲೂ ಆಗುವುದಿಲ್ಲ.

## ಹಂತ 4: ಮೂರು ತುಂಡಿನ ಆಕಾರ ಬರೆಯಿರಿ

ಈಗ ಮೀನಿನ ರೂಪಕ್ಕೆ ಬರಬಹುದು. ತೂತುಗಳ ಗುರುತನ್ನು ರಟ್ಟಿನ ಮೇಲೆ ಮೊದಲು ಇಳಿಸಿ, ಅವುಗಳ ಸುತ್ತ ಆಕಾರ ಬರೆಯಿರಿ.

ತಲೆ. ಮೂತಿಯ ತುದಿ ಕ ಬಿಂದುವಿನಿಂದ 16 ಸೆಂ.ಮೀ. ಮುಂದೆ. ನೆತ್ತಿಯ ಗೆರೆ ಸ್ವಲ್ಪ ಮಾತ್ರ ಬಾಗಿರಲಿ. ಹಿಂಭಾಗ ಕ ಬಿಂದುವಿಗಿಂತ 3 ಸೆಂ.ಮೀ. ಮೇಲಕ್ಕೆ ಹೋಗಬೇಕು, ಅಲ್ಲಿ 2.5 ಸೆಂ.ಮೀ. ಎತ್ತರದಲ್ಲಿ ಬ ಎಂದು ಗುರುತು ಹಾಕಿ. ಬೆನ್ನಿನ ದಾರ ಕಟ್ಟುವುದು ಅಲ್ಲಿ. ಕಣ್ಣು ಮುಂದಿದೆ, ಮೂತಿಯ ಹತ್ತಿರ: ಕ ಇಂದ 11 ಸೆಂ.ಮೀ. ಮುಂದೆ, 3 ಸೆಂ.ಮೀ. ಕೆಳಗೆ. ಈಗಿನ ಮೀನುಗಳನ್ನು ನೋಡಿ ಅಭ್ಯಾಸವಾದವರು ಕಣ್ಣನ್ನು ತಲೆಯ ನಡುವೆ ಇಟ್ಟುಬಿಡುತ್ತಾರೆ.

ಮೂತಿಯ ಕೆಳ ಅಂಚು ಕ ಬಿಂದುವಿಗಿಂತ 7 ಸೆಂ.ಮೀ. ಕೆಳಗಿರಲಿ. ಅಲ್ಲಿಂದ ಮುಂಭಾಗದಲ್ಲಿ 2.5 ಸೆಂ.ಮೀ. ಉದ್ದದ ಒಂದು ಚೂಪು ಕೋರೆ ಕೆಳಕ್ಕೆ ಇಳಿಯುತ್ತದೆ. ಅದರ ಹಿಂದೆ ನೇರವಾದ ಚೂಪು ಅಂಚು.

ಕೆಳದವಡೆ. ದ ಇಂದ ತುದಿಗೆ 13 ಸೆಂ.ಮೀ. ತುದಿಯಲ್ಲಿ ಮೇಲಕ್ಕೆ 2 ಸೆಂ.ಮೀ. ಕೋರೆ, ಅದರ ಹಿಂದೆ 5 ಸೆಂ.ಮೀ. ಚೂಪು ಅಂಚು, ಆಮೇಲೆ ದ ತನಕ ಸಪಾಟಾದ ಹಿಡಿ. ಗ ತೂತಿಗೆ ಜಾಗ ಸಿಗುವ ಹಾಗೆ ಹಿಂಭಾಗದಲ್ಲಿ ಕೆಳಕ್ಕೆ ಒಂದು ಕಿವಿ ಬಿಡಿ. ತೂತಿನ ಸುತ್ತ ಕಡಿಮೆ ಅಂದರೂ 1 ಸೆಂ.ಮೀ. ರಟ್ಟು ಉಳಿಯಬೇಕು.

ಹಲ್ಲು ಬರೆಯಬೇಡಿ. ಸಾಲು ಸಾಲಾಗಿ ಶಾರ್ಕ್ ಹಲ್ಲು ಇಟ್ಟ ಮಾದರಿ ಕಂಡ ಕೂಡಲೇ ತಿಳಿದವರು ಮುಂದೆ ಹೋಗಿಬಿಡುತ್ತಾರೆ. ಡಂಕ್ಲಿಯೋಸ್ಟಿಯಸ್‌ಗೆ ಬಿಡಿ ಹಲ್ಲುಗಳಿರಲಿಲ್ಲ. ದವಡೆಯ ಎಲುಬೇ ಅಲಗಾಗಿತ್ತು. ಮೇಲಿನದೂ ಕೆಳಗಿನದೂ ಒಂದಕ್ಕೊಂದು ಉಜ್ಜಿಕೊಂಡು ತಾವೇ ಹರಿತವಾಗುತ್ತಿದ್ದವು. ಅಡಕತ್ತರಿಯ ಎರಡು ಅಲಗು ಹೇಗೆ ಒಂದರ ಪಕ್ಕ ಒಂದು ಜಾರುತ್ತವೋ ಹಾಗೆ. ಅದಕ್ಕೇ ನಮ್ಮ ಮಾದರಿಯಲ್ಲೂ ದವಡೆಯ ತುಂಡು ತಲೆಯ ತುಂಡಿನ ಹಿಂದೆ ಕೂರಬೇಕು. ಬಾಯಿ ಮುಚ್ಚಿದಾಗ ಕೆಳಗಿನ ಕೋರೆ ಮೇಲಿನ ಕೋರೆಯ ಹಿಂದೆ ಸರಿದು ಹೋಗಬೇಕು, ಡಿಕ್ಕಿ ಹೊಡೆಯಬಾರದು.

ಎದೆ ಕವಚ. ಕ ಮುಂದೆ 1.5 ಸೆಂ.ಮೀ. ಇಂದ ಹಿಂದೆ 15 ಸೆಂ.ಮೀ. ತನಕ. ಮೇಲೆ 3, ಕೆಳಗೆ 14 ಸೆಂ.ಮೀ. ಮುಂದಿನ ಅಂಚು ನೇರವಾಗಿ ಇಳಿಯಬಾರದು. ಕ ಕೆಳಗೆ ಬಂದ ಕೂಡಲೇ 2 ಸೆಂ.ಮೀ. ಹಿಂದಕ್ಕೆ ಸರಿಯಲಿ. ಆ ಸಂದು ಕಿವಿರಿನ ಜಾಗ, ದವಡೆಯ ಹಿಂಬದಿ ಅಲ್ಲಾಡಲೂ ಅದು ಬೇಕು.

ತಲೆ ಮತ್ತು ಎದೆಯನ್ನು ಒಂದೇ ತುಂಡಾಗಿ ಕತ್ತರಿಸಬೇಡಿ. ಚಿತ್ರದಲ್ಲಿ ಎರಡೂ ಸೇರಿ ಒಂದೇ ಶಿರಸ್ತ್ರಾಣದ ಹಾಗೆ ಕಾಣುತ್ತವೆ, ಅಲ್ವಾ? ನಿಜದಲ್ಲಿ ಅವು ಎರಡು ಬೇರೆ ಕವಚ. ಎರಡೂ ಬದಿಯಲ್ಲಿ ಒಂದೊಂದು ಕೀಲಿನಿಂದ ಸೇರಿದ್ದವು, ಮೇಲೆ ನಡುವೆ ಸಂದು ಇತ್ತು. ತಲೆ ಏಳುವುದಕ್ಕೆ ಆ ಸಂದೇ ಜಾಗ. ತಲೆಯ ಹಿಂದಿನ ಮೇಲಂಚಿಗೂ ಎದೆ ಕವಚದ ಮೇಲಂಚಿಗೂ ನಡುವೆ 1 ಸೆಂ.ಮೀ. ಸಂದು ಕಾಣುವ ಹಾಗೆ ಬರೆಯಿರಿ. ದಾರ ಎಳೆದಾಗ ಅದು ಕಿರಿದಾಗುವುದು ನೋಡುವವರಿಗೆ ಕಾಣುತ್ತದೆ.

## ಹಂತ 5: ಕತ್ತರಿಸುವುದು, ತೂತು ಹಾಕುವುದು

ಕಾರ್ಟನ್ ರಟ್ಟಿನೊಳಗೆ ಗೆರೆಗಳಿರುತ್ತವೆ. ಕೆಳದವಡೆಯ ಉದ್ದಕ್ಕೂ ಆ ಗೆರೆ ಹೋಗಬೇಕು. ಅಡ್ಡ ಹೋದರೆ ದವಡೆ ನಡುವೆ ಮಡಚಿಕೊಳ್ಳುತ್ತದೆ. ತಲೆಗೂ ದವಡೆಗೂ ಎರಡೆರಡು ಪದರ ಅಂಟಿಸಿ, ಎರಡನೇ ಪದರದ ಗೆರೆ ಅಡ್ಡವಿರಲಿ. ಭಾರ ಇಟ್ಟು ಒಂದು ರಾತ್ರಿ ಒಣಗಲಿ. ಹಸಿ ರಟ್ಟಿಗೆ ಕಟ್ಟರ್ ಹಾಕಿದರೆ ಅಂಚು ಹಿಂಜಿಕೊಳ್ಳುತ್ತದೆ.

ಒಂದೇ ಸಲಕ್ಕೆ ಒತ್ತಿ ಕತ್ತರಿಸಲು ಹೋಗಬೇಡಿ. ಹಗುರವಾಗಿ ಎರಡು ಮೂರು ಸಲ ಎಳೆಯಿರಿ. ಮಕ್ಕಳು ಮಾಡುತ್ತಿದ್ದರೆ ಕಟ್ಟರ್ ಕೆಲಸ ದೊಡ್ಡವರೇ ಮಾಡಲಿ.

ತೂತನ್ನು ಕತ್ತರಿ ತುದಿಯಿಂದ ತಿರುವಿ ಮಾಡಬೇಡಿ. ದಬ್ಬಣ ನೇರವಾಗಿ ಚುಚ್ಚಿ, ಬೋಲ್ಟ್ ಬಿಗಿಯಾಗಿ ಹೋಗುವಷ್ಟೇ ಹಿಗ್ಗಿಸಿ. ತೂತಿನ ಒಳಸುತ್ತಿಗೆ ಒಂದು ಹನಿ ಫೆವಿಕಾಲ್ ಸವರಿ ಒಣಗಲು ಬಿಡಿ, ಅಂಚು ಗಟ್ಟಿಯಾಗುತ್ತದೆ.

## ಹಂತ 6: ಪದರಗಳ ಜೋಡಣೆ

ಹಿಂದಿನಿಂದ ಮುಂದಕ್ಕೆ ಈ ಕ್ರಮ. ಮೊದಲು ಬೋರ್ಡು. ಅದರ ಮೇಲೆ ಎದೆ ಕವಚದ ಆಕಾರಕ್ಕಿಂತ ಸ್ವಲ್ಪ ಚಿಕ್ಕದಾದ ಎರಡು ಪದರ ರಟ್ಟು, ಎತ್ತರ ಕೊಡಲಿಕ್ಕೆ. ಅದರ ಮೇಲೆ ಎದೆ ಕವಚ. ಎದೆ ಕವಚದ ಮುಂದೆ ತಲೆ. ತಲೆಯ ಹಿಂದೆ, ಎದೆ ಕವಚದ ಮಟ್ಟದಲ್ಲೇ, ದವಡೆ.

ಆ ಎರಡು ಪದರ ಎತ್ತರವನ್ನು ಬಿಡಬೇಡಿ. ದ ಬೋಲ್ಟಿನ ನಟ್ಟು ದವಡೆಯ ಹಿಂದೆ ಇರುತ್ತದೆ. ಜಾಗ ಇಲ್ಲದಿದ್ದರೆ ಅದು ಬೋರ್ಡಿಗೆ ಉಜ್ಜಿ ಕರ್ ಕರ್ ಎನ್ನುತ್ತದೆ, ದವಡೆ ಅರ್ಧಕ್ಕೇ ನಿಲ್ಲುತ್ತದೆ.

ಎದೆ ಕವಚವನ್ನು ಬೋರ್ಡಿಗೆ ಅಂಟಿಸುವ ಮೊದಲೇ ಕ ಬೋಲ್ಟನ್ನು ಹಿಂದಿನಿಂದ ತೂರಿಸಿ ಇಡಿ. ಅಂಟಿಸಿದ ಮೇಲೆ ಆಗುವುದಿಲ್ಲ. ಎಷ್ಟೋ ಜನ ಈ ಒಂದು ಕಾರಣಕ್ಕೆ ಒಣಗಿದ ರಟ್ಟನ್ನು ಕಿತ್ತು ಮತ್ತೆ ಅಂಟಿಸಬೇಕಾಗುತ್ತದೆ. ಎ ತೂತಿನ ದಾರಕ್ಕೂ ಇದೇ ಮಾತು. ದಾರದ ಒಂದು ತುದಿಯನ್ನು ಎ ತೂತಿನ ಹಿಂದೆ ಗಂಟು ಹಾಕಿ, ಗಂಟಿಗೆ ಸಣ್ಣ ವಾಷರ್ ಸೇರಿಸಿ, ಆಮೇಲೆ ಅಂಟಿಸಿ.

ಎರಡು ರಟ್ಟು ತಾಗುವ ಪ್ರತಿ ಜಾಗದಲ್ಲೂ ನಡುವೆ ವಾಷರ್. ಮೊದಲ ನಟ್ಟು ಬಿಗಿ ಮಾಡಿ, ಅರ್ಧ ಸುತ್ತು ಸಡಿಲಿಸಿ, ಎರಡನೇ ನಟ್ಟನ್ನು ಅದರ ಮೇಲೆ ಗಟ್ಟಿಯಾಗಿ ಕೂರಿಸಿ. ಈಗ ಕೀಲು ಸಲೀಸಾಗಿ ತಿರುಗುತ್ತದೆ, ನಟ್ಟೂ ಬಿಚ್ಚಿಹೋಗುವುದಿಲ್ಲ. ತಲೆಯನ್ನು ಎತ್ತಿ ಬಿಟ್ಟರೆ ತನ್ನ ಭಾರಕ್ಕೇ ಬೀಳಬೇಕು.

## ಹಂತ 7: ಮೂರು ಎಳೆತಗಳು

ಗಂಟಲಿನ ದಾರ. ಬಾಯಿಯನ್ನು ಪೂರ್ತಿ ಮುಚ್ಚಿ, ಟೇಪ್ ಹಾಕಿ ಹಾಗೇ ನಿಲ್ಲಿಸಿ. ಈಗ ಎ ಇಂದ ಬಂದ ದಾರವನ್ನು ಗ ತೂತಿಗೆ ಪೋಣಿಸಿ, ಬಿಗಿಯಾಗಿ ಎಳೆದು ಕಟ್ಟಿ. ಎರಡು ತೂತಿನ ನಡುವೆ 9.1 ಸೆಂ.ಮೀ. ಇರಬೇಕು. ಬೆರಳಿನಿಂದ ಮೀಟಿದರೆ ದಾರ ಸಣ್ಣಗೆ ಟಿಣ್ ಎಂದರೆ ಸರಿ. ಡೊಗ್ಗಾಗಿ ಜೋತರೆ ತಲೆ ಎದ್ದ ಮೊದಲ ಸ್ವಲ್ಪ ದೂರ ದಾರ ಬಿಗಿಯಾಗುವುದಕ್ಕೇ ಖರ್ಚಾಗುತ್ತದೆ, ಬಾಯಿ ತೆರೆಯುವುದಿಲ್ಲ. ನೈಲಾನ್ ಗಂಟು ಜಾರುತ್ತದೆ. ಮೂರು ಗಂಟು ಹಾಕಿ, ಮೇಲೊಂದು ಹನಿ ಅಂಟು.

ಬೆನ್ನಿನ ದಾರ. ತಲೆಯ ಬ ತೂತಿಗೆ ಕಟ್ಟಿ ಹಿಂದಕ್ಕೆ ತನ್ನಿ. ಎದೆ ಕವಚ ಮುಗಿಯುವ ಜಾಗದಲ್ಲಿ ರೀಫಿಲ್ಲಿನ 2 ಸೆಂ.ಮೀ. ತುಂಡನ್ನು ಬೋರ್ಡಿಗೆ ಅಂಟಿಸಿ, ದಾರ ಅದರೊಳಗಿಂದ ಹೋಗಲಿ. ತುದಿಗೆ ಒಂದು ಗುಂಡಿ ಕಟ್ಟಿ, ಎಳೆಯಲು ಹಿಡಿ ಸಿಗುತ್ತದೆ. ಮೀನಿನಲ್ಲಿ ಈ ಕೆಲಸ ಬೆನ್ನಿನ ಮೇಲ್ಭಾಗದ ಸ್ನಾಯುಗಳದ್ದು. ಅವು ತಲೆಯ ಹಿಂಭಾಗವನ್ನು ಹಿಂದಕ್ಕೆ ಎಳೆದಾಗ ಮೂತಿ ಏಳುತ್ತಿತ್ತು. ಹಾಗಾಗಿ ಮೂತಿಗೆ ದಾರ ಕಟ್ಟಿ ಮೇಲಿನಿಂದ ಎಳೆಯುವುದು ಸುಲಭವಾದರೂ ಅದು ತಪ್ಪು ವಿವರಣೆಯಾಗುತ್ತದೆ.

ಮುಚ್ಚುವ ರಬ್ಬರ್. ದ ಇಂದ 3.5 ಸೆಂ.ಮೀ. ಮುಂದೆ ದವಡೆಯ ಮೇಲಂಚಿನಲ್ಲಿ ಒಂದು ತೂತು. ಅದರ ನೇರಕ್ಕೆ 6 ಸೆಂ.ಮೀ. ಮೇಲೆ ತಲೆಯಲ್ಲಿ ಮೂರನೇ ಬೋಲ್ಟು. ಎರಡಕ್ಕೂ ತಲೆಯ ಹಿಂದಿನಿಂದ ರಬ್ಬರ್ ಬ್ಯಾಂಡ್. ಬಾಯಿ ಮುಚ್ಚಿದಾಗ ಅದು ಸ್ವಲ್ಪವೇ ಬಿಗಿಯಿರಲಿ. ದಾರ ಬಿಟ್ಟ ಕೂಡಲೇ ರಬ್ಬರ್ ದವಡೆಯನ್ನು ಮೇಲಕ್ಕೆ ಎಳೆಯುತ್ತದೆ, ಗಂಟಲಿನ ದಾರ ಕಟ್ಟಿರುವುದರಿಂದ ತಲೆಯೂ ತಾನಾಗಿ ಕೆಳಗೆ ಬರುತ್ತದೆ. ಇದನ್ನು ಮಕ್ಕಳಿಗೆ ಕೈಯಲ್ಲಿ ಮಾಡಿ ತೋರಿಸಿ. ಒಂದು ಭಾಗ ಅಲ್ಲಾಡಿದರೆ ಇನ್ನೊಂದು ಸುಮ್ಮನೆ ಕೂರಲು ಆಗುವುದಿಲ್ಲ ಎಂಬುದು ಅವರ ಬೆರಳಿಗೇ ಗೊತ್ತಾಗುತ್ತದೆ.

ಕೊನೆಗೆ ತಡೆ. ತಲೆಯನ್ನು 15 ಡಿಗ್ರಿ ಎತ್ತಿ ಹಿಡಿದು, ಅದರ ಹಿಂದಿನ ಅಂಚು ತಾಗುವ ಜಾಗದಲ್ಲಿ ಎದೆ ಕವಚದ ಮೇಲೆ ಒಂದು ರಟ್ಟಿನ ತುಂಡು ಅಂಟಿಸಿ. ಪ್ರದರ್ಶನಕ್ಕೆ ಬಂದ ಮಕ್ಕಳು ಜೋರಾಗಿ ಎಳೆದೇ ಎಳೆಯುತ್ತಾರೆ. ತಡೆ ಇಲ್ಲದಿದ್ದರೆ ದ, ಗ, ಎ ಮೂರೂ ಒಂದೇ ಗೆರೆಗೆ ಬಂದು ದವಡೆ ಸಿಕ್ಕಿಹಾಕಿಕೊಳ್ಳುತ್ತದೆ, ಇಲ್ಲವೇ ಗ ತೂತು ಹರಿಯುತ್ತದೆ.

## ಹಂತ 8: ಪರೀಕ್ಷೆ, ಎಚ್ಚರಿಕೆಯ ಗುರುತುಗಳು

ಬಣ್ಣ ಹಚ್ಚುವ ಮೊದಲು ಬೋರ್ಡನ್ನು ನೆಟ್ಟಗೆ ನಿಲ್ಲಿಸಿ ಹಲವು ಸಲ ಎಳೆದು ನೋಡಿ. ಮೇಜಿನ ಮೇಲೆ ಮಲಗಿಸಿ ನೋಡಿದರೆ ಸಾಲದು. ನಿಂತಾಗ ಭಾರ ಬೀಳುವ ರೀತಿಯೇ ಬೇರೆ.

ತಲೆ ಏಳುತ್ತದೆ, ದವಡೆ ಅದರ ಜೊತೆ ಹಾಗೇ ಮೇಲೆ ಹೋಗುತ್ತದೆ: ಗಂಟಲಿನ ದಾರ ಸಡಿಲವಾಗಿದೆ. ಮುಚ್ಚಿದ ಬಾಯಿಯಲ್ಲೇ ಮತ್ತೆ ಕಟ್ಟಿ.

ದಾರ ಬಿಗಿಯಾಗಿದೆ, ಆದರೂ ದವಡೆ ಇಳಿಯುತ್ತಿಲ್ಲ: ಗ ತೂತು ಮೇಲಾಗಿದೆ. ದಾರದಿಂದ ದ ಬಿಂದುವಿಗೆ 2.8 ಸೆಂ.ಮೀ. ಇದೆಯೇ ಅಳೆಯಿರಿ. 1 ಸೆಂ.ಮೀ.ಗಿಂತ ಕಡಿಮೆ ಇದ್ದರೆ ಹೊಸ ತೂತು ಹಾಕಿ.

ಏನೂ ಎಳೆಯದಿದ್ದರೂ ಬಾಯಿ ಅರ್ಧ ತೆರೆದಿದೆ: ದಾರ ಗಿಡ್ಡವಾಗಿದೆ. ರಬ್ಬರ್ ಬಿಗಿ ಮಾಡಿ ಇದನ್ನು ಸರಿಪಡಿಸಲು ಹೋಗಬೇಡಿ, ರಟ್ಟು ಬಾಗುತ್ತದೆ.

ತೆರೆದ ಬಾಯಿ ಮುಚ್ಚುವುದಿಲ್ಲ: ಮೊದಲು ಕ ನಟ್ಟು ಸಡಿಲಿಸಿ ನೋಡಿ. ಆಮೇಲೂ ಆಗದಿದ್ದರೆ ರಬ್ಬರ್ ಬದಲಿಸಿ.

ದವಡೆಯ ಕೋರೆ ಮುಂದೆ ಹಿಂದೆ ಓಲಾಡುತ್ತದೆ: ದ ತೂತು ದೊಡ್ಡದಾಗಿದೆ. ಅಗಲವಾದ ವಾಷರನ್ನು ರಟ್ಟಿಗೆ ಅಂಟಿಸಿ, ತೂತು ಅದರದ್ದೇ ಆಗಲಿ.

ಗ ತೂತಿನ ಸುತ್ತ ರಟ್ಟಿನಲ್ಲಿ ಸಣ್ಣ ಸುಕ್ಕು ಕಂಡರೆ ಹರಿಯುವ ಸಮಯ ಹತ್ತಿರ ಬಂದಿದೆ ಎಂದೇ ತಿಳಿಯಿರಿ. ಅಂದೇ ಹಿಂದೆ ಮುಂದೆ ವಾಷರ್ ಅಂಟಿಸಿ.

## ಹಂತ 9: ಹಿಂದಿನ ದೇಹ ಮತ್ತು ಬಾಲ

ಇದಕ್ಕೆ ರಟ್ಟು ಬೇಡ, ಬೋರ್ಡಿನ ಮೇಲೆ ಬರೆದರೆ ಸಾಕು. ಎದೆ ಕವಚದ ಅಂಚಿನಿಂದ ಶುರುಮಾಡಿ, ನಿಧಾನವಾಗಿ ಕಿರಿದಾಗುತ್ತಾ ಹೋಗಲಿ. ಹುರುಪೆ ಬರೆಯಬೇಡಿ.

ಬಾಲವನ್ನು ಹಾವಿನ ಬಾಲದ ಹಾಗೆ ಮೊನಚಾಗಿ ಮುಗಿಸುವುದು ಹಳೆಯ ಚಿತ್ರಗಳ ಪದ್ಧತಿ. 2017ರಲ್ಲಿ ಹೊರಬಂದ ಅಧ್ಯಯನವೊಂದು ದೊಡ್ಡ ಗಾತ್ರದ, ತೆರೆದ ಸಮುದ್ರದಲ್ಲಿ ಈಜುವ ಈ ಮೀನಿಗೆ ಶಾರ್ಕಿನಂಥ ಬಾಲವೇ ಹೊಂದುತ್ತದೆ ಎಂದು ತೋರಿಸಿತು. 2022ರಲ್ಲಿ ಮೊರಾಕೋದಿಂದ ಅಮಾಜಿಕ್ತಿಸ್ ಎಂಬ ನಂಟಿನ ಮೀನಿನ ಇಡೀ ದೇಹದ ಅಚ್ಚು ವರದಿಯಾಯಿತು. ಅದರ ಬಾಲವೂ ಅದೇ ತರಹ. ಹಾಗಾಗಿ ಮೇಲಿನ ಹಾಲೆ ಉದ್ದ, ಕೆಳಗಿನದು ಅದಕ್ಕಿಂತ ಗಿಡ್ಡ ಇರುವ ಎರಡು ಹಾಲೆಯ ಬಾಲ ಬರೆಯಿರಿ.

## ಹಂತ 10: ಬಣ್ಣ

ಕವಚಕ್ಕೂ ದೇಹಕ್ಕೂ ಬೇರೆ ಬೇರೆ ರೀತಿ ಬಣ್ಣ ಹಚ್ಚುವುದು ಒಳ್ಳೆಯದು ಎಂದು ನನ್ನ ಗಟ್ಟಿ ಅಭಿಪ್ರಾಯ. ತಲೆ, ದವಡೆ, ಎದೆ ಕವಚಕ್ಕೆ ಎಲುಬಿನ ಕಂದು ಬಣ್ಣ. ಹಿಂದಿನ ದೇಹಕ್ಕೆ ತೆಳುವಾದ ಒಂದೇ ಬೂದು ಬಣ್ಣ, ಹೊರಗೆರೆ ಚುಕ್ಕೆ ಚುಕ್ಕೆಯಾಗಿ. ಯಾವುದು ಕಲ್ಲಿನಲ್ಲಿ ಸಿಕ್ಕಿದ್ದು, ಯಾವುದು ನಂಟಿನ ಮೀನುಗಳನ್ನು ನೋಡಿ ಊಹಿಸಿದ್ದು ಎಂಬುದು ದೂರದಿಂದಲೇ ಗೊತ್ತಾಗುತ್ತದೆ. ಪಟ್ಟೆ, ಚುಕ್ಕಿ ಹಾಕಿ ಚಂದ ಮಾಡಲು ಮನಸ್ಸಾಗುತ್ತದೆ, ಆದರೆ ಆಗ ಈ ವ್ಯತ್ಯಾಸ ಮುಚ್ಚಿಹೋಗುತ್ತದೆ.

ಕಣ್ಣಿನ ಸುತ್ತ ಎಲುಬಿನ ಬಳೆ ಇತ್ತು. 2.5 ಸೆಂ.ಮೀ. ಅಗಲದ ರಟ್ಟಿನ ಬಳೆ ಕತ್ತರಿಸಿ, ಅದನ್ನು ಸಣ್ಣ ಫಲಕಗಳು ಸೇರಿ ಆದ ಹಾಗೆ ಗೆರೆ ಹಾಕಿ ಅಂಟಿಸಿ. ಕೀಲಿನ ಸುತ್ತ, ಅಲಗು ಜಾರುವ ಅಂಚಿನಲ್ಲಿ ಬಣ್ಣ ತೆಳುವಾಗಿರಲಿ. ಅಕ್ರಿಲಿಕ್ ದಪ್ಪ ಹಚ್ಚಿದರೆ ಎರಡು ರಟ್ಟು ಅಂಟಿಕೊಳ್ಳುತ್ತವೆ. ಒಣಗುವ ತನಕ ನಡುವೆ ಪ್ಲಾಸ್ಟಿಕ್ ಹಾಳೆ ಸೇರಿಸಿಡಿ.

## ಹಂತ 11: ಫಲಕದ ಬರಹ ಮತ್ತು ಬರುವ ಪ್ರಶ್ನೆಗಳು

ಫಲಕದಲ್ಲಿ ಇಷ್ಟು ಸಾಕು: ಹೆಸರು ಡಂಕ್ಲಿಯೋಸ್ಟಿಯಸ್ ಟೆರೆಲ್ಲಿ. ಕಾಲ ಡೆವೋನಿಯನ್ ಯುಗದ ಕೊನೆ, ಸುಮಾರು 36 ಕೋಟಿ ವರ್ಷ ಹಿಂದೆ. ಒಳ್ಳೆಯ ಪಳೆಯುಳಿಕೆ ಸಿಕ್ಕ ಜಾಗ ಅಮೆರಿಕದ ಒಹಾಯೋ ರಾಜ್ಯದ ಕ್ಲೀವ್‌ಲ್ಯಾಂಡ್ ಶೇಲ್ ಬಂಡೆ. ಉದ್ದ ಸುಮಾರು 3.4 ಮೀಟರ್. ಮಾದರಿಯ ಅಳತೆ 1:4. ಈ ಕೊನೆಯ ಸಾಲನ್ನು ಬಹಳ ಜನ ಮರೆಯುತ್ತಾರೆ, ಅದಿಲ್ಲದೆ ಮಾದರಿಯ ಗಾತ್ರಕ್ಕೆ ಅರ್ಥವೇ ಇಲ್ಲ.

ಮಾದರಿಯ ಪಕ್ಕ ನಿಂತು ವಿವರಿಸುವ ಮಕ್ಕಳಿಗೆ ಈ ಉತ್ತರಗಳು ಬಾಯಲ್ಲಿರಲಿ.

"ಎಷ್ಟು ಬೇಗ ಬಾಯಿ ತೆರೆಯುತ್ತಿತ್ತು?" ಆಂಡರ್ಸನ್, ವೆಸ್ಟ್‌ನೀಟ್ ಲೆಕ್ಕದ ಪ್ರಕಾರ ಸೆಕೆಂಡಿನ ಐವತ್ತನೇ ಒಂದು ಭಾಗದಲ್ಲಿ. ಬಾಯಿ ಹಾಗೆ ತೆರೆದಾಗ ನೀರಿನ ಜೊತೆ ಬೇಟೆಯೂ ಒಳಕ್ಕೆ ಎಳೆದುಕೊಂಡು ಬರುತ್ತದೆ.

"ಕಡಿತ ಎಷ್ಟು ಜೋರು?" ಅವರದೇ ಲೆಕ್ಕ: ಕೋರೆಯ ತುದಿಯಲ್ಲಿ ಸುಮಾರು 4,400 ನ್ಯೂಟನ್, ಹಿಂದಿನ ಅಲಗಿನಲ್ಲಿ 5,300. ಅಂದರೆ ತುದಿಯ ಮೇಲೆ ಸುಮಾರು 450 ಕೆ.ಜಿ. ಭಾರ ಬಿದ್ದಷ್ಟು. ಗಾತ್ರದ ಹೊಸ ಲೆಕ್ಕಕ್ಕಿಂತ ಮೊದಲಿನ ಅಂಕಿ ಇದು. ಕೇಳಿದರೆ ಹಾಗೆಂದು ಸೇರಿಸಿ ಹೇಳಲಿ.

"ಡೈನೋಸಾರ್ ಜೊತೆ ಇತ್ತಾ?" ಇಲ್ಲ. ಮೊದಲ ಡೈನೋಸಾರ್‌ಗಳು ಬಂದದ್ದು ಸುಮಾರು 23 ಕೋಟಿ ವರ್ಷ ಹಿಂದೆ. ಆ ಹೊತ್ತಿಗೆ ಈ ಮೀನಿನ ಇಡೀ ಗುಂಪೇ ಅಳಿದು 12 ಕೋಟಿ ವರ್ಷಕ್ಕೂ ಮೇಲಾಗಿತ್ತು. ಹಿನ್ನೆಲೆಯಲ್ಲಿ ಡೈನೋಸಾರ್ ಚಿತ್ರ ಅಂಟಿಸಬೇಡಿ. ಏನಾದರೂ ಬೇಕೇ ಬೇಕಾದರೆ ಅದೇ ಕ್ಲೀವ್‌ಲ್ಯಾಂಡ್ ಶೇಲ್‌ನಲ್ಲಿ ಸಿಕ್ಕ ಕ್ಲಾಡೋಸೆಲಾಕಿ ಎಂಬ ಶಾರ್ಕಿನಂಥ ಮೀನನ್ನು ಬರೆಯಿರಿ.

"ನಮ್ಮ ಕರ್ನಾಟಕದಲ್ಲಿ ಹುಡುಕಿದರೆ ಸಿಗುತ್ತಾ?" ಈ ಪ್ರಶ್ನೆ ಬಂದೇ ಬರುತ್ತದೆ. ನಮ್ಮ ರಾಜ್ಯದ ಬಹುಪಾಲು ಬಂಡೆ 250 ಕೋಟಿ ವರ್ಷಕ್ಕೂ ಹಳೆಯದು, ಆಗ ಮೀನೇ ಇರಲಿಲ್ಲ. ಉತ್ತರದ ಕಪ್ಪು ಬಸಾಲ್ಟ್ ಸುಮಾರು 6.6 ಕೋಟಿ ವರ್ಷದ್ದು, ಅದೂ ಲಾವಾ. ಹಾಗಾಗಿ ಈ ಮೀನಿನ ಕಾಲದ ಸಮುದ್ರದ ಕೆಸರು ನಮ್ಮ ಹೊಲಗದ್ದೆಯಲ್ಲಿ ಸಿಗುವ ಮಾತಿಲ್ಲ.

## ಸಾಗಿಸುವಾಗ

ಬೋರ್ಡನ್ನು ಬಸ್ಸಿನಲ್ಲೋ ಆಟೋದಲ್ಲೋ ಒಯ್ಯುವಾಗ ರಬ್ಬರ್ ಬ್ಯಾಂಡ್ ಬಿಚ್ಚಿ, ತಲೆಗೂ ದವಡೆಗೂ ಕಾಗದದ ಟೇಪ್ ಹಾಕಿ ಬಾಯಿ ಮುಚ್ಚಿಡಿ. ಸೆಲ್ಲೋಟೇಪ್ ಬೇಡ, ಬಣ್ಣ ಕಿತ್ತುಕೊಂಡು ಬರುತ್ತದೆ. ಚೀಲದಲ್ಲಿ ಒಂದು ಮೀಟರ್ ನೈಲಾನ್ ದಾರ, ಎರಡು ರಬ್ಬರ್ ಬ್ಯಾಂಡ್, ನಾಲ್ಕು ವಾಷರ್, ದಬ್ಬಣ ಮತ್ತು ಸ್ಕೇಲು ಇಟ್ಟುಕೊಳ್ಳಿ. ಅಲ್ಲಿ ದಾರ ತುಂಡಾದರೆ ಬಾಯಿ ಮುಚ್ಚಿ, 9.1 ಸೆಂ.ಮೀ. ಅಳೆದು ಕಟ್ಟಿ, ಮೀಟಿ ನೋಡಿ.